ಎಲೆ ಸೊಂಪಾಗಿದೆ, ಮೊಗ್ಗು ಮಾತ್ರ ಕಾಣುತ್ತಿಲ್ಲ: ದುಂಡು ಮಲ್ಲಿಗೆಗೆ ಯಾವ ಗೊಬ್ಬರ ಸೂಕ್ತ?

ಪ್ರಶ್ನೆ ಕೇಳಿದವರು: ಹಿತ್ತಿಲಹೂ

ಎಲ್ಲರಿಗೂ ನಮಸ್ಕಾರ. ವರ್ಷದ ಬಹುಭಾಗ ಸೆಕೆ, ಉಳಿದಷ್ಟು ಕಾಲ ಬಿರುಮಳೆ ಇರುವ ಉಷ್ಣವಲಯದ ಕೈತೋಟದಲ್ಲಿ ನಾನು ದುಂಡು ಮಲ್ಲಿಗೆ ಬೆಳೆಸುತ್ತಿದ್ದೇನೆ. ಕೆಲವು ಗಿಡಗಳು ನೆಲದಲ್ಲಿವೆ, ಎರಡು ಗಿಡಗಳು ಹನ್ನೆರಡು ಇಂಚಿನ ಕುಂಡಗಳಲ್ಲಿವೆ. ನೆಟ್ಟು ಮೂರನೆಯ ವರ್ಷ ನಡೆಯುತ್ತಿದೆ. ಗಿಡಗಳಿಗೆ ದಿನಕ್ಕೆ ಆರು ತಾಸಿಗಿಂತ ಹೆಚ್ಚು ನೇರ ಬಿಸಿಲು ಬೀಳುತ್ತದೆ, ನೀರಿಗೂ ಕೊರತೆಯಿಲ್ಲ.

ಸಮಸ್ಯೆಯೆಂದರೆ, ಎಲೆಗಳು ಅಂಗೈಯಗಲ ಬೆಳೆದು ಕಡುಹಸಿರಾಗಿ ಹೊಳೆಯುತ್ತವೆ, ಕುಡಿಗಳು ಬಳ್ಳಿಯಂತೆ ಉದ್ದಕ್ಕೆ ಚಾಚಿಕೊಳ್ಳುತ್ತವೆ, ಆದರೆ ಕುಡಿಯ ತುದಿಯಲ್ಲಿ ಮೊಗ್ಗು ಬರುವುದು ಅಪರೂಪ. ಬಂದರೂ ಒಂದೆರಡು ಹೂವು, ಅಷ್ಟೇ. ಪರಿಮಳವೂ ಮೊದಲಿನಷ್ಟಿಲ್ಲ ಎಂದು ನನಗೆ ಅನ್ನಿಸುತ್ತಿದೆ.

ನಾನು ಈಗ ಕೊಡುತ್ತಿರುವುದು ನೀರಿನಲ್ಲಿ ಕರಗುವ 19:19:19 ಗೊಬ್ಬರ, ಅಂದರೆ ಕ್ರಮವಾಗಿ ಸಾರಜನಕ, ರಂಜಕ, ಪೊಟ್ಯಾಷ್ ಮೂರೂ ನೂರಕ್ಕೆ 19 ಪಾಲು ಇರುವಂಥದ್ದು. ಲೀಟರಿಗೆ ಐದು ಗ್ರಾಂನಂತೆ ಕಲಸಿ, ನೆಲದ ಗಿಡ, ಕುಂಡದ ಗಿಡ ಎಂಬ ಭೇದವಿಲ್ಲದೆ ಪ್ರತಿ ಗಿಡಕ್ಕೂ ವಾರಕ್ಕೊಮ್ಮೆ ಒಂದು ಲೀಟರ್ ಹಾಕುತ್ತೇನೆ. ಇದರ ಜೊತೆಗೆ ತಿಂಗಳಿಗೊಮ್ಮೆ ಎಲ್ಲ ಗಿಡಗಳ ಬುಡಕ್ಕೂ ಒಂದು ಹಿಡಿ ಮೂಳೆ ಪುಡಿ ಸೇರುತ್ತದೆ. ಗಿಡವನ್ನು ಇದುವರೆಗೆ ಸವರಿಲ್ಲ, ಕತ್ತರಿಸಿದರೆ ಇರುವ ಹೂವೂ ಹೋದೀತೆಂಬ ಅಂಜಿಕೆ.

ಹೂವಿಗಾಗಿಯೇ ಮಾರುವ, ರಂಜಕ ಹೆಚ್ಚಿರುವ ಗೊಬ್ಬರಕ್ಕೆ ಬದಲಾಯಿಸಬೇಕೇ, ಸಾವಯವ ಗೊಬ್ಬರವೊಂದನ್ನೇ ನೆಚ್ಚಿಕೊಳ್ಳಬಹುದೇ, ಪರಿಮಳ ಹೆಚ್ಚಿಸುವ ಗೊಬ್ಬರವೆಂಬುದು ನಿಜಕ್ಕೂ ಇದೆಯೇ ಎಂಬುದನ್ನು ತಿಳಿದವರು ವಿವರಿಸಬೇಕಾಗಿ ಕೋರುತ್ತೇನೆ.

---

ಉತ್ತರ: ಮಣ್ಣಳತೆ

ನೀವು ಕೊಟ್ಟಿರುವ ವಿವರಗಳಲ್ಲೇ ಉತ್ತರದ ಹೆಚ್ಚಿನ ಪಾಲು ಅಡಗಿದೆ. ಮೊದಲು ಲೆಕ್ಕ ನೋಡೋಣ. ವಾರಕ್ಕೆ ಐದು ಗ್ರಾಂ ಎಂದರೆ ವರ್ಷಕ್ಕೆ ಒಂದು ಗಿಡಕ್ಕೆ 260 ಗ್ರಾಂ ಗೊಬ್ಬರ. ಅದರಲ್ಲಿ ನೂರಕ್ಕೆ 19 ಪಾಲು ಸಾರಜನಕ, ಅಂದರೆ ಸುಮಾರು 49 ಗ್ರಾಂ. ಹೂವಿನ ಬೆಳೆಯಾಗಿ ಹೊಲದಲ್ಲಿ ಬೆಳೆಸುವ ಪೂರ್ಣ ಬೆಳೆದ ಮಲ್ಲಿಗೆ ಗಿಡಕ್ಕೆ ಸಾಮಾನ್ಯವಾಗಿ ಶಿಫಾರಸು ಮಾಡುವ ಪ್ರಮಾಣ ವರ್ಷಕ್ಕೆ 60 ಗ್ರಾಂ ಸಾರಜನಕ, 120 ಗ್ರಾಂ ರಂಜಕ, 120 ಗ್ರಾಂ ಪೊಟ್ಯಾಷ್, ಜೊತೆಗೆ ಹತ್ತು ಕಿಲೋ ಕೊಟ್ಟಿಗೆ ಗೊಬ್ಬರ. ಹೊಲದಲ್ಲಿ ಬೇರು ಬಿಟ್ಟು ಹರಡಿದ ಗಿಡಕ್ಕೆ ಹೇಳಿದ ಸಾರಜನಕದಲ್ಲಿ ಐದರಲ್ಲಿ ನಾಲ್ಕು ಪಾಲಿನಷ್ಟನ್ನು ನೀವು ಹನ್ನೆರಡು ಇಂಚಿನ ಕುಂಡದೊಳಗೆ ಸುರಿಯುತ್ತಿದ್ದೀರಿ. ಪೊಟ್ಯಾಷ್ ಮಾತ್ರ ಅದೇ 49 ಗ್ರಾಂಗೆ ನಿಂತಿದೆ. ಎಲೆ ಅಂಗೈಯಗಲ ಬೆಳೆಯದೆ ಇನ್ನೇನಾದೀತು!

ಸಾರಜನಕವು ಎಲೆಯನ್ನೂ ಕಾಂಡವನ್ನೂ ಬೆಳೆಸುತ್ತದೆ, ಅದಿಲ್ಲದೆ ಚಿಗುರಿಲ್ಲ, ಚಿಗುರಿಲ್ಲದೆ ಮೊಗ್ಗೂ ಇಲ್ಲ. ಆದರೆ ಅದು ವಾರ ವಾರವೂ ತಪ್ಪದೆ ಸಿಗುತ್ತಿದ್ದರೆ ಗಿಡಕ್ಕೆ ಚಿಗುರುವುದನ್ನು ನಿಲ್ಲಿಸಿ ಮೊಗ್ಗಿಗೆ ಹೊರಳುವ ಕಾರಣವೇ ಉಳಿಯುವುದಿಲ್ಲ. ಮಲ್ಲಿಗೆಯ ಸ್ವಭಾವ ಸರಳವಾಗಿದೆ: ಹೊಸದಾಗಿ ಒಡೆದ ರೆಂಬೆಯ ತುದಿಯಲ್ಲಿ ಮತ್ತು ಅದರ ಪಕ್ಕದ ಚಿಕ್ಕ ಕವಲುಗಳಲ್ಲಿ ಅದು ಹೂ ಬಿಡುತ್ತದೆ. ಆದ್ದರಿಂದ ಗಿಡಕ್ಕೆ ಬೇಕಾದದ್ದು ಉದ್ದನೆಯ ನಾಲ್ಕು ಕುಡಿಗಳಲ್ಲ, ಗಿಡ್ಡನೆಯ ನಲವತ್ತು ಕುಡಿಗಳು. ಅದನ್ನು ಒದಗಿಸುವುದು ಕತ್ತರಿಯೇ ಹೊರತು ಗೊಬ್ಬರವಲ್ಲ. ನನ್ನ ಮಟ್ಟಿಗೆ ಹೇಳುವುದಾದರೆ, ಸವರದ ಮಲ್ಲಿಗೆಗೆ ಯಾವ ಗೊಬ್ಬರ ಸೂಕ್ತವೆಂಬ ಪ್ರಶ್ನೆಗೆ ಅರ್ಥವೇ ಇಲ್ಲ.

ಮಳೆ ಹಿಂದೆ ಸರಿದು ಗಿಡ ತುಸು ಮಂಕಾಗುವ ಕಾಲವನ್ನು ಸವರುವುದಕ್ಕೆ ಆರಿಸಿಕೊಳ್ಳಿ. ಅದಕ್ಕೆ ಮೊದಲು ಕೆಲವು ದಿನ ನೀರು ಕಡಿಮೆ ಮಾಡಿ, ನಂತರ ನೆಲದ ಗಿಡಗಳನ್ನು ಬುಡದಿಂದ ಸುಮಾರು 50 ಸೆಂಟಿಮೀಟರ್ ಎತ್ತರಕ್ಕೆ ಕತ್ತರಿಸಿ. ಒಣಗಿದ, ರೋಗ ಬಿದ್ದ, ಒಂದರ ಮೇಲೊಂದು ಹೊಸೆದುಕೊಂಡ ಕಡ್ಡಿಗಳನ್ನು ತೆಗೆದುಹಾಕಿ. ಗೊಬ್ಬರ ಕೊಡಬೇಕಾದದ್ದು ಆಗ. ಕೊಟ್ಟಿಗೆ ಗೊಬ್ಬರವನ್ನೂ ವರ್ಷದ ರಾಸಾಯನಿಕ ಗೊಬ್ಬರದ ಅರ್ಧವನ್ನೂ ಆ ಹೊತ್ತಿಗೆ ಕೊಟ್ಟು, ಉಳಿದರ್ಧವನ್ನು ಸುಮಾರು ಆರು ತಿಂಗಳ ನಂತರ ಕೊಡುವುದು ರೂಢಿಯ ಕ್ರಮ. ಬಿರುಮಳೆಯ ಕಡೆ ಇದನ್ನು ತುಸು ಬದಲಿಸುವುದು ಲೇಸು. ಸಾರಜನಕ ಮತ್ತು ಪೊಟ್ಯಾಷ್ ಎರಡೂ ಮಳೆನೀರಿನೊಡನೆ ಬೇರಿನ ಕೆಳಗೆ ಇಳಿದು ಹೋಗುತ್ತವೆ, ಹಗುರವಾದ ಮರಳು ಮಿಶ್ರಿತ ಮಣ್ಣಿನಲ್ಲಂತೂ ಇನ್ನೂ ಬೇಗ. ಅವೆರಡನ್ನು ನಾಲ್ಕೈದು ಸಣ್ಣ ಕಂತುಗಳಾಗಿ ಒಡೆದು, ಸುರಿಯುವ ಮಳೆಯ ವಾರಗಳನ್ನು ಬಿಟ್ಟು ಕೊಡಿ. ರಂಜಕ ಬಿದ್ದಲ್ಲೇ ಉಳಿಯುವ ಸ್ವಭಾವದ್ದು, ಅದನ್ನು ಹೀಗೆ ಒಡೆಯಬೇಕಾಗಿಲ್ಲ.

ಯಾವ ಚೀಲ ಕೊಳ್ಳಬೇಕೆಂಬ ಪ್ರಶ್ನೆಗೆ ಬರುತ್ತೇನೆ. ಮೇಲೆ ಹೇಳಿದ ಪ್ರಮಾಣದಲ್ಲಿ ಸಾರಜನಕದ ಎರಡು ಪಟ್ಟು ರಂಜಕ, ಎರಡು ಪಟ್ಟು ಪೊಟ್ಯಾಷ್ ಇದೆ, 19:19:19 ಆ ಅನುಪಾತಕ್ಕೆ ದೂರ. ಬಿಡಿ ಗೊಬ್ಬರಗಳನ್ನು ಬೆರೆಸುವುದಾದರೆ ವರ್ಷಕ್ಕೆ ಗಿಡವೊಂದಕ್ಕೆ 130 ಗ್ರಾಂ ಯೂರಿಯಾ, 750 ಗ್ರಾಂ ಸೂಪರ್ ಫಾಸ್ಫೇಟ್, 200 ಗ್ರಾಂ ಮ್ಯೂರಿಯೇಟ್ ಆಫ್ ಪೊಟ್ಯಾಷ್ ಸಾಕಾಗುತ್ತದೆ. ಒಂದೇ ಚೀಲದಲ್ಲಿ ಮುಗಿಸಬೇಕೆಂದರೆ 10:26:26 ಹತ್ತಿರದ ಆಯ್ಕೆ. ಅದರ 460 ಗ್ರಾಂನಲ್ಲಿ ರಂಜಕ, ಪೊಟ್ಯಾಷ್ ಎರಡೂ 120 ಗ್ರಾಂನಷ್ಟು ಬರುತ್ತವೆ, ಕೊರೆಬೀಳುವ ಸಾರಜನಕವನ್ನು 30 ಗ್ರಾಂ ಯೂರಿಯಾ ತುಂಬಿಕೊಡುತ್ತದೆ. ಇವು ಪೂರ್ಣ ಬೆಳೆದ ಗಿಡದ ಅಂಕಿಗಳೆಂಬುದನ್ನು ಮರೆಯಬೇಡಿ, ನಿಮ್ಮ ಗಿಡಗಳಿಗೆ ಅರ್ಧದಿಂದ ಆರಂಭಿಸಿದರೂ ನಷ್ಟವಿಲ್ಲ.

ಗೊಬ್ಬರವನ್ನು ಕಾಂಡಕ್ಕೆ ತಾಗುವಂತೆ ಹಾಕಬಾರದು. ಗಿಡದ ನೆರಳು ಮಧ್ಯಾಹ್ನ ಎಲ್ಲಿಯವರೆಗೆ ಬೀಳುತ್ತದೋ ಆ ಅಂಚಿನಲ್ಲಿ ನಾಲ್ಕು ಬೆರಳು ಆಳದ ಪಾತಿ ಕೆರೆದು, ತೇವವಿರುವ ಮಣ್ಣಿಗೆ ಹರಡಿ, ಮುಚ್ಚಿ, ನೀರು ಕೊಡಿ. ಒಣಮಣ್ಣಿಗೆ ಹಾಕಿದ ಗೊಬ್ಬರ ಎಳೆ ಬೇರನ್ನು ಸುಡುತ್ತದೆ.

---

ಉತ್ತರ: ಹಿಂಡಿಗೊಬ್ಬರ

ಮೇಲಿನವರ ಲೆಕ್ಕಕ್ಕೆ ನನ್ನ ತಕರಾರಿಲ್ಲ, ಆದರೆ ಕೈತೋಟದ ಆರೇಳು ಗಿಡಗಳಿಗೆ ಮೂರು ಚೀಲ ಗೊಬ್ಬರ ತಂದಿಟ್ಟುಕೊಳ್ಳುವ ಅಗತ್ಯವಿದೆಯೇ ಎಂಬುದು ನನ್ನ ಪ್ರಶ್ನೆ. ಚೆನ್ನಾಗಿ ಕಳಿತ ಕೊಟ್ಟಿಗೆ ಗೊಬ್ಬರ ಇಲ್ಲವೇ ಎರೆಹುಳು ಗೊಬ್ಬರ, ಅದರೊಡನೆ ಬೇವಿನ ಹಿಂಡಿ, ಇವಿಷ್ಟನ್ನು ಸವರಿದ ನಂತರ ಒಮ್ಮೆ, ಹೂವಿನ ಮೊದಲ ಸುತ್ತು ಮುಗಿದ ಮೇಲೆ ಒಮ್ಮೆ ಕೊಟ್ಟರೆ ನೆಲದ ಗಿಡಗಳು ಸಾಕಷ್ಟು ಹೂ ಬಿಡುತ್ತವೆ. ಬೇವಿನ ಹಿಂಡಿಯಲ್ಲಿ ಸುಮಾರು ನೂರಕ್ಕೆ ಐದು ಪಾಲು ಸಾರಜನಕವಿದ್ದು ಅದು ನಿಧಾನವಾಗಿ ಬಿಡುಗಡೆಯಾಗುತ್ತದೆ. ಬೇರನ್ನು ಗಂಟು ಕಟ್ಟಿಸುವ ಜಂತುಹುಳುಗಳ ಹಾವಳಿಯೂ ಅದರಿಂದ ತಗ್ಗುತ್ತದೆ. ಸಾವಯವ ಪದಾರ್ಥ ಬೀಳದ ಮಣ್ಣು ಬಿಸಿಲಿಗೆ ಕಾದು ಗಟ್ಟಿಯಾದಾಗ ಯಾವ ಅಂಕಿಯ ಗೊಬ್ಬರ ಹಾಕಿದರೂ ಬೇರು ಅದನ್ನು ಮುಟ್ಟಲಾರದು.

ಒಂದು ಎಚ್ಚರಿಕೆ ಮಾತ್ರ ಹೇಳಬೇಕು, ಏಕೆಂದರೆ ನಮ್ಮ ಬಳಗದವರೇ ಇದನ್ನು ಮರೆಯುತ್ತಾರೆ. ಸಾವಯವ ಎಂದಾಕ್ಷಣ ಅಳತೆ ಬೇಡವೆಂದಲ್ಲ. ಕಡಲೆಕಾಯಿ ಹಿಂಡಿಯಲ್ಲಿ ನೂರಕ್ಕೆ ಏಳು ಪಾಲಿನಷ್ಟು ಸಾರಜನಕವಿರುತ್ತದೆ. ಅದನ್ನು ನೆನೆಸಿ ಕೊಳೆಸಿದ ನೀರನ್ನು ವಾರ ವಾರ ಸುರಿದರೆ ನಿಮ್ಮ ಗಿಡಗಳು ಈಗಿನಂತೆಯೇ ಎಲೆಯಲ್ಲೇ ಮುಳುಗಿರುತ್ತವೆ. ಬಾಳೆಹಣ್ಣಿನ ಸಿಪ್ಪೆ ನೆನೆಸಿದ ನೀರಿನಿಂದ ಪೊಟ್ಯಾಷ್ ಸಿಗುವುದೇನೋ ನಿಜ, ಆದರೆ ಒಂದು ಗಿಡದ ವರ್ಷದ ಬೇಡಿಕೆಯ ಮುಂದೆ ಅದು ಲೆಕ್ಕಕ್ಕೇ ಬಾರದು. ಪೊಟ್ಯಾಷ್‌ಗಾಗಿ ಕಟ್ಟಿಗೆಯ ಬೂದಿ ಮೇಲು. ಬೂದಿ ಮಣ್ಣಿನ ಹುಳಿಯನ್ನು ಇಳಿಸುವುದರಿಂದ ಹುಳಿಮಣ್ಣಿಗೆ ಮಾತ್ರ, ಅದೂ ಮಿತವಾಗಿ ಬಳಸಬೇಕು. ಯೂರಿಯಾದ ಜೊತೆ ಬೆರೆಸಿದರೆ ಸಾರಜನಕ ಅಮೋನಿಯಾ ಆಗಿ ಗಾಳಿಗೆ ಹಾರಿಹೋಗುತ್ತದೆ.

---

ಉತ್ತರ: ಕುಂಡವಾಸಿ

ಕುಂಡದ ಗಿಡಗಳ ವಿಷಯವನ್ನು ಯಾರೂ ಬೇರೆಯಾಗಿ ಎತ್ತಿಕೊಂಡಿಲ್ಲವಾದ್ದರಿಂದ ಬರೆಯುತ್ತಿದ್ದೇನೆ. ಜೊತೆಗೆ ರಂಜಕದ ಬಗ್ಗೆ ‘ಮಣ್ಣಳತೆ’ಯವರೊಡನೆ ಒಂದು ಭಿನ್ನಾಭಿಪ್ರಾಯವೂ ಇದೆ.

ಗಿಡಕ್ಕೆ 120 ಗ್ರಾಂ ರಂಜಕ ಎಂಬುದು ಹೊಲದ ಶಿಫಾರಸು. ಕಬ್ಬಿಣ ಮತ್ತು ಅಲ್ಯೂಮಿನಿಯಂ ತುಂಬಿದ ಕೆಂಪು ಹುಳಿಮಣ್ಣಾಗಲಿ, ಸುಣ್ಣ ಹೆಚ್ಚಿರುವ ಮಣ್ಣಾಗಲಿ, ಹಾಕಿದ ರಂಜಕದ ದೊಡ್ಡ ಪಾಲನ್ನು ತಾನೇ ಕಟ್ಟಿಹಾಕಿಕೊಳ್ಳುತ್ತದೆ. ಹೊಲದಲ್ಲಿ ಕೈಬಿಚ್ಚಿ ಕೊಡುವುದಕ್ಕೆ ಅದೂ ಒಂದು ಕಾರಣ. ಕುಂಡದಲ್ಲಿ ತೆಂಗಿನ ನಾರಿನ ಪುಡಿಯೂ ಎರೆಹುಳು ಗೊಬ್ಬರವೂ ತುಂಬಿರುವಾಗ ಆ ಕಟ್ಟುಪಾಡು ಇರುವುದಿಲ್ಲ, ವರ್ಷಗಟ್ಟಲೆ ಗೊಬ್ಬರ ಕಂಡ ಹಳೆಯ ಕೈತೋಟದ ಮಣ್ಣಿನಲ್ಲೂ ರಂಜಕ ಈಗಾಗಲೇ ಶೇಖರವಾಗಿರುವುದೇ ಹೆಚ್ಚು. ಅಂಥ ಕಡೆ ಇನ್ನಷ್ಟು ಸುರಿದರೆ ಹೂವು ಹೆಚ್ಚುವುದಿಲ್ಲ, ಬದಲಿಗೆ ಗಿಡವು ಕಬ್ಬಿಣವನ್ನೂ ಸತುವನ್ನೂ ಹೀರಿಕೊಳ್ಳುವುದಕ್ಕೆ ಅಡ್ಡಿಯಾಗುತ್ತದೆ. ಹೂವಿಗಾಗಿಯೇ ಎಂದು ಮಾರುವ, ನಡುವಿನ ಅಂಕಿ ಐವತ್ತರ ಆಸುಪಾಸಿನಲ್ಲಿರುವ ಗೊಬ್ಬರದ ಬಗ್ಗೆ ನನಗೆ ಒಲವಿಲ್ಲದಿರುವುದು ಇದೇ ಕಾರಣಕ್ಕೆ. ರಂಜಕದ ಕೊರತೆ ಇರುವ ಮಣ್ಣಿನಲ್ಲಿ ಅದು ಕೆಲಸ ಮಾಡುತ್ತದೆ, ಉಳಿದೆಡೆ ಮಾಡುವುದಿಲ್ಲ. ನೆಲದ ಗಿಡಗಳಿಗೆ ಸೂಪರ್ ಫಾಸ್ಫೇಟ್ ತರುವ ಮೊದಲು ಒಮ್ಮೆ ಮಣ್ಣು ಪರೀಕ್ಷೆ ಮಾಡಿಸಿ, ರಂಜಕ ಸಾಕಷ್ಟಿದೆ ಎಂದು ತಿಳಿದರೆ ಅದನ್ನು ಬಿಟ್ಟೇಬಿಡಿ. ತಿಂಗಳಿಗೊಮ್ಮೆ ಒಂದು ಹಿಡಿ ಮೂಳೆ ಪುಡಿಯನ್ನಂತೂ ಇಂದೇ ನಿಲ್ಲಿಸಬೇಕು. ಹುಳಿ ಇಲ್ಲದ ಮಣ್ಣಿನಲ್ಲಿ ಮೂಳೆ ಪುಡಿ ಕರಗುವುದೇ ಕಷ್ಟ, ಕರಗಿದ ಕಡೆ ರಂಜಕವನ್ನು ಮತ್ತಷ್ಟು ಕೂಡಿಹಾಕುತ್ತದೆ.

ಇನ್ನು ಕುಂಡದ ಮೇಲಂಚನ್ನು ನೋಡಿ. ಮಣ್ಣಿನ ಮೇಲೆ ಬಿಳಿಯ ಪೊರೆ ಕಟ್ಟಿದೆಯೇ? ಎಲೆಯ ತುದಿ ಕಂದಾಗಿ ಒಣಗಿ ಸುರುಳಿಕೊಂಡಿದೆಯೇ? ಹಾಗಿದ್ದರೆ ಅದು ಬೇರಿನ ಸುತ್ತ ಕೂಡಿಕೊಂಡ ಗೊಬ್ಬರದ ಉಪ್ಪು. ಕುಂಡದ ಅಡಿಯ ರಂಧ್ರಗಳಿಂದ ಧಾರಾಳವಾಗಿ ಹರಿದು ಹೋಗುವಷ್ಟು ನೀರನ್ನು ನಿಧಾನವಾಗಿ ಎರಡು ಮೂರು ಸಲ ಹಾಯಿಸಿ ತೊಳೆಯಬೇಕು, ತಟ್ಟೆಯಲ್ಲಿ ನಿಂತ ನೀರನ್ನು ಚೆಲ್ಲಬೇಕು. ಆ ಬಳಿಕ ಒಂದು ತಿಂಗಳು ಗೊಬ್ಬರ ಬೇಡ. ಮುಂದೆ ಹೊಸ ಚಿಗುರು ಕಾಣಿಸಿಕೊಂಡಾಗ ಸಾರಜನಕಕ್ಕಿಂತ ಪೊಟ್ಯಾಷ್ ಹೆಚ್ಚಿರುವ, ಕಬ್ಬಿಣ, ಸತುವಿನಂಥ ಲಘು ಪೋಷಕಾಂಶಗಳೂ ಸೇರಿರುವ ಗೊಬ್ಬರವನ್ನು ಲೀಟರಿಗೆ ಒಂದು ಗ್ರಾಂನಂತೆ ಹದಿನೈದು ದಿನಕ್ಕೊಮ್ಮೆ ಕೊಟ್ಟರೆ ಸಾಕು. ಪದರ ಹೊದಿಸಿದ, ನಿಧಾನವಾಗಿ ಬಿಡುಗಡೆಯಾಗುವ ಕಾಳುಗೊಬ್ಬರವೂ ಕುಂಡಕ್ಕೆ ಅನುಕೂಲವೇ. ಆದರೆ ಅದರ ಡಬ್ಬಿಯ ಮೇಲಿನ ತಿಂಗಳುಗಳ ಲೆಕ್ಕವನ್ನು ಉಷ್ಣವಲಯದಲ್ಲಿ ಹಾಗೆಯೇ ನಂಬಬಾರದು, ಮಣ್ಣು ಬಿಸಿಯಾದಷ್ಟೂ ಅದು ಬೇಗ ಖಾಲಿಯಾಗುತ್ತದೆ. ಆರು ತಿಂಗಳೆಂದು ಬರೆದಿದ್ದರೆ ಪೂರ್ಣ ಪ್ರಮಾಣವನ್ನು ಒಂದೇ ಸಲ ಹಾಕುವ ಬದಲು ಅರ್ಧರ್ಧವಾಗಿ ಎರಡು ಸಲ ಹಾಕಿ.

---

ಉತ್ತರ: ಮಣ್ಣಳತೆ

ಕುಂಡದ ಬಗ್ಗೆ ಬರೆದದ್ದನ್ನು ಒಪ್ಪುತ್ತೇನೆ. ನೆಲದ ಗಿಡಗಳ ವಿಷಯದಲ್ಲೂ ಮಣ್ಣು ಪರೀಕ್ಷೆಯ ಮಾತು ಸರಿಯೇ. ರಂಜಕ ಸಾಕಷ್ಟಿದ್ದರೆ 10:26:26 ಕೂಡ ಬೇಡ, ಯೂರಿಯಾ ಮತ್ತು ಪೊಟ್ಯಾಷ್ ಎರಡೇ ಸಾಕು. ಸೂಪರ್ ಫಾಸ್ಫೇಟ್ ಬಿಟ್ಟಾಗ ಅದರೊಡನೆ ಬರುತ್ತಿದ್ದ ಗಂಧಕವೂ ತಪ್ಪುವುದರಿಂದ ಮ್ಯೂರಿಯೇಟ್ ಬದಲು ಸಲ್ಫೇಟ್ ಆಫ್ ಪೊಟ್ಯಾಷ್ ಆರಿಸಿಕೊಳ್ಳಬಹುದು. ಅದರಲ್ಲಿ ಪೊಟ್ಯಾಷ್ ನೂರಕ್ಕೆ 50 ಪಾಲು ಇರುವುದರಿಂದ 200 ಗ್ರಾಂ ಬದಲು 240 ಗ್ರಾಂ ಬೇಕಾಗುತ್ತದೆ.

---

ಪ್ರಶ್ನೆ ಕೇಳಿದವರು: ಹಿತ್ತಿಲಹೂ

ಇಷ್ಟು ವಿವರವಾಗಿ ಉತ್ತರಿಸಿದ ಎಲ್ಲರಿಗೂ ಕೃತಜ್ಞತೆಗಳು. ಕುಂಡದ ಮಣ್ಣಿನ ಮೇಲೆ ಬಿಳಿಯ ಪೊರೆ ಇರುವುದು ನಿಜ. ಎರಡು ಕುಂಡಗಳ ಪೈಕಿ ಒಂದರಲ್ಲಿ ಇನ್ನೊಂದು ಲಕ್ಷಣವನ್ನೂ ಈಗ ಗಮನಿಸಿದೆ: ಹಳೆಯ ಎಲೆಗಳು ಕಡುಹಸಿರಾಗಿಯೇ ಇವೆ, ಆದರೆ ತುದಿಯ ಎಳೆಯ ಎಲೆಗಳು ಹಳದಿಯಾಗಿದ್ದು ನರಗಳು ಮಾತ್ರ ಹಸಿರು ಗೆರೆಗಳಂತೆ ಎದ್ದು ಕಾಣುತ್ತವೆ. ಇದಕ್ಕೆ ಎಪ್ಸಮ್ ಲವಣ ಹಾಕಬೇಕೆಂದು ಕೆಲವರು ಹೇಳುತ್ತಾರೆ. ನಾನು ಗಿಡಗಳಿಗೆ ಹಾಕುವುದು ಕೊಳವೆ ಬಾವಿಯ ಗಡಸು ನೀರು. ಪರಿಮಳದ ಪ್ರಶ್ನೆಗೂ ಯಾರಾದರೂ ಉತ್ತರಿಸಿದರೆ ಉಪಕಾರವಾಗುತ್ತದೆ.

---

ಉತ್ತರ: ಸಂಜೆಮೊಗ್ಗು

ಹಳದಿ ಎಲ್ಲಿಂದ ಆರಂಭವಾಯಿತು ಎಂಬುದೇ ಇಲ್ಲಿ ಮುಖ್ಯ. ಮೆಗ್ನೀಷಿಯಂ ಗಿಡದೊಳಗೆ ಸುಲಭವಾಗಿ ಓಡಾಡುವ ಧಾತು, ಆದ್ದರಿಂದ ಅದರ ಕೊರತೆ ಬಿದ್ದಾಗ ಗಿಡವು ಹಳೆಯ ಎಲೆಯಿಂದ ಎಳೆದು ಹೊಸ ಎಲೆಗೆ ಕೊಡುತ್ತದೆ, ಹಳದಿ ಬಣ್ಣ ಕೆಳಗಿನ ಎಲೆಗಳಲ್ಲಿ ಕಾಣಿಸುತ್ತದೆ. ಕಬ್ಬಿಣ ಹಾಗೆ ಓಡಾಡುವುದಿಲ್ಲ, ಕೊರತೆಯಾದರೆ ತುದಿಯ ಎಳೆಯ ಎಲೆಗಳೇ ಮೊದಲು ಬಿಳಚಿಕೊಳ್ಳುತ್ತವೆ. ನೀವು ವರ್ಣಿಸಿದ್ದು ಎರಡನೆಯದು. ಎಪ್ಸಮ್ ಲವಣ ಎಂದರೆ ಮೆಗ್ನೀಷಿಯಂ ಸಲ್ಫೇಟ್, ಇಲ್ಲಿ ಅದಕ್ಕೆ ಕೆಲಸವಿಲ್ಲ, ಉಪ್ಪು ಕಟ್ಟಿದ ಕುಂಡಕ್ಕೆ ಇನ್ನಷ್ಟು ಉಪ್ಪು ಸೇರುತ್ತದೆ ಅಷ್ಟೇ.

ಕುಂಡದಲ್ಲಿ ಕಬ್ಬಿಣವೇ ಇಲ್ಲವೆಂದಲ್ಲ, ಇದ್ದರೂ ಬೇರಿಗೆ ದಕ್ಕುತ್ತಿಲ್ಲ. ಗಡಸು ನೀರು ಮಣ್ಣಿನ ರಸಸಾರವನ್ನು, ಎಂದರೆ ಹುಳಿ-ಕ್ಷಾರದ ಅಳತೆಯನ್ನು, ಕ್ಷಾರದ ಕಡೆಗೆ ಮೇಲಕ್ಕೇರಿಸುತ್ತದೆ, ಮೂಳೆ ಪುಡಿಯ ರಂಜಕ ಅದಕ್ಕೆ ಕೂಡಿಕೊಂಡಿದೆ. ತಾತ್ಕಾಲಿಕ ಪರಿಹಾರವಾಗಿ ಅನ್ನಭೇದಿಯನ್ನು, ಎಂದರೆ ಫೆರಸ್ ಸಲ್ಫೇಟನ್ನು, ಲೀಟರಿಗೆ ಐದು ಗ್ರಾಂನಂತೆ ಕರಗಿಸಿ, ಚಿಟಿಕೆ ಸಿಟ್ರಿಕ್ ಆಮ್ಲ ಸೇರಿಸಿ, ಬಿಸಿಲಿಳಿದ ಮೇಲೆ ಎಲೆಗಳ ಎರಡೂ ಬದಿ ನೆನೆಯುವಂತೆ ಸಿಂಪಡಿಸಿ. ಕಲಸಿದ ಕೂಡಲೇ ಬಳಸಬೇಕು, ಇಟ್ಟರೆ ದ್ರಾವಣ ತುಕ್ಕಿನ ಬಣ್ಣಕ್ಕೆ ತಿರುಗಿ ನಿಷ್ಪ್ರಯೋಜಕವಾಗುತ್ತದೆ. ಬಟ್ಟೆಗೂ ನೆಲಕ್ಕೂ ಬಿದ್ದ ಕಲೆ ಸುಲಭಕ್ಕೆ ಹೋಗದು. ಬೇರಿಗೇ ಕೊಡುವುದಾದರೆ ಚೀಲೇಟ್ ರೂಪದ, ಎಂದರೆ ಮಣ್ಣಿನಲ್ಲಿ ಕರಗಿದ ಸ್ಥಿತಿಯಲ್ಲೇ ಉಳಿಯುವಂತೆ ಇನ್ನೊಂದು ಸಂಯುಕ್ತ ಹಿಡಿದಿಟ್ಟ, ಕಬ್ಬಿಣ ಕೊಳ್ಳಿ, ಅದರಲ್ಲೂ ಲೇಬಲ್ಲಿನ ಮೇಲೆ ಇಡಿಡಿಎಚ್‌ಎ ಎಂದಿರುವುದನ್ನು ಆರಿಸಿ. ಇಡಿಟಿಎ ಎಂದಿರುವುದು ಗಡಸು ನೀರಿನ ಕುಂಡದಲ್ಲಿ ಬಹುಕಾಲ ನಿಲ್ಲುವುದಿಲ್ಲ. ಶಾಶ್ವತ ಪರಿಹಾರವೆಂದರೆ ಮಳೆನೀರು ಹಿಡಿದಿಟ್ಟು ಕುಂಡಗಳಿಗೆ ಅದನ್ನೇ ಬಳಸುವುದು ಮತ್ತು ಸವರುವ ಕಾಲಕ್ಕೆ ಮಣ್ಣು ಬದಲಿಸುವುದು. ಹಳದಿಯಾದ ಎಲೆಗಳು ಹಸಿರಾಗುವುದು ನಿಧಾನ, ಆಮೇಲೆ ಬರುವ ಚಿಗುರಿನ ಬಣ್ಣ ನೋಡಿ ಗುಣ ತಿಳಿಯಿರಿ.

ಪರಿಮಳದ ಮಾತಿಗೆ ಬಂದರೆ, ಅದನ್ನು ಮುಖ್ಯವಾಗಿ ನಿರ್ಧರಿಸುವುದು ತಳಿ. ದುಂಡು ಮಲ್ಲಿಗೆಯ ಕಂಪಿನಲ್ಲಿ ಬೆಂಜೈಲ್ ಅಸಿಟೇಟ್, ಲಿನಲೂಲ್, ಇಂಡೋಲ್, ಮೀಥೈಲ್ ಆಂಥ್ರನಿಲೇಟ್ ಮೊದಲಾದ ಹಲವು ಸಂಯುಕ್ತಗಳಿವೆ, ಇವನ್ನೆಲ್ಲ ಹೂವು ತಾನೇ ತಯಾರಿಸಿಕೊಳ್ಳುತ್ತದೆ. ಇವುಗಳಲ್ಲಿ ಕೊನೆಯ ಎರಡರ ರಚನೆಯಲ್ಲಿ ಸಾರಜನಕವಿದೆ ಎಂಬುದು ಸ್ವಾರಸ್ಯದ ಸಂಗತಿ, ಹಾಗಾಗಿ ಇಲ್ಲಿಯ ಚರ್ಚೆ ಓದಿ ಸಾರಜನಕವನ್ನು ಪೂರ್ತಿ ನಿಲ್ಲಿಸಿಬಿಡಬೇಡಿ. ಆದರೆ ಚೀಲದಿಂದ ಪರಿಮಳವನ್ನು ನೇರವಾಗಿ ಹೂವಿಗೆ ಸೇರಿಸುವ ಗೊಬ್ಬರ ಯಾವುದೂ ಇಲ್ಲ, ಹಾಗೆಂದು ಹೇಳಿ ಮಾರುವುದನ್ನು ಕೊಳ್ಳಬೇಡಿ. ಬಿಸಿಲು ಚೆನ್ನಾಗಿ ಬಿದ್ದು ಎಲೆಯಲ್ಲಿ ಸಕ್ಕರೆ ತಯಾರಾಗಬೇಕು, ಆ ಸಕ್ಕರೆ ಮೊಗ್ಗಿನವರೆಗೆ ಸಾಗಬೇಕು. ಸಾಗಿಸುವ ಕೆಲಸದಲ್ಲಿ ಪೊಟ್ಯಾಷ್‌ನ ಪಾತ್ರ ದೊಡ್ಡದು, ಅದರ ಕೊರತೆ ನೀಗಿದಾಗ ಮೊಗ್ಗು ತುಂಬಿಕೊಂಡು ಬರುತ್ತದೆ. ಇನ್ನೊಂದು ವಿಷಯ, ಈ ಹೂವು ಅರಳುವುದು ಸಂಜೆ ಕಳೆದ ಮೇಲೆ, ಕಂಪು ಹೊಮ್ಮುವುದೂ ರಾತ್ರಿಯೇ. ಮರುದಿನ ಬಿಸಿಲೇರಿದ ಮೇಲೆ ಮೂಸಿ ನೋಡಿ ಪರಿಮಳ ಕುಂದಿತೆಂದು ತೀರ್ಮಾನಿಸಿದ್ದರೆ, ಕತ್ತಲಾದ ಮೇಲೆ ಒಮ್ಮೆ ಗಿಡದ ಬಳಿ ಹೋಗಿ ನೋಡಿ.

ಸವರಿದ ಮೇಲೆ ಬರುವ ಮೊದಲ ಮೊಗ್ಗುಗಳು ಅರಳುವ ಮೊದಲೇ ನೇರಳೆಗೆ ತಿರುಗಿ ಉದುರಿದರೆ, ಇಲ್ಲವೇ ಮೊಗ್ಗಿನಲ್ಲಿ ಸಣ್ಣ ತೂತು ಕಂಡರೆ, ಅದನ್ನು ಗೊಬ್ಬರದ ಲೆಕ್ಕಕ್ಕೆ ಹಾಕಬೇಡಿ. ಅದು ಮೊಗ್ಗಿನೊಳಗೆ ಸೇರಿದ ಹುಳುವಿನ ಕೆಲಸ. ಅಂಥ ಮೊಗ್ಗುಗಳನ್ನು ಆರಿಸಿ ನಾಶಮಾಡಿ, ಉದುರಿದವನ್ನೂ ಬುಡದಲ್ಲಿ ಬಿಡದೆ ಗುಡಿಸಿ ತೆಗೆಯಿರಿ.